ಮಿಠಾಯಿ ಅಂಗಡಿಯ ಎರಡು ಲೆಕ್ಕ

1990ರ ಸೆಪ್ಟೆಂಬರ್ 30ರಂದು, ಮೂವತ್ತೈದರ ಹರೆಯದಲ್ಲೇ ಅಪಘಾತಕ್ಕೆ ಬಲಿಯಾದ ಶಂಕರ್‌ನಾಗ್ 'ಮಿಂಚಿನ ಓಟ', 'ಆಕ್ಸಿಡೆಂಟ್' ಚಿತ್ರಗಳ ನಿರ್ದೇಶಕರು. ಆದರೆ ಅವರ ಪಕ್ವತೆ ಕಾಣುವುದು ಆಗುಂಬೆಯಲ್ಲಿ ಚಿತ್ರೀಕರಿಸಿದ ದೂರದರ್ಶನದ 'ಮಾಲ್ಗುಡಿ ಡೇಸ್'ನಲ್ಲಿ. ಅದರಲ್ಲೂ ಮಿಠಾಯಿ ವ್ಯಾಪಾರಿ ಜಗನ್ನನ ಕಥೆಯಲ್ಲಿ. ಆರ್.ಕೆ. ನಾರಾಯಣರ ಈ ಪಾತ್ರ ಖಾದಿಧಾರಿ, ಗೀತಾಪಾರಾಯಣನಿರತ; ಆದರೂ ಸಂಜೆ ಆರರ ನಂತರದ ಗಳಿಕೆ ಲೆಕ್ಕಪುಸ್ತಕವನ್ನು ಸೇರದು. ಶನಿವಾರಸಂತೆಯಂತಹ ಊರಿನ ವರ್ತಕರಿಗೆ ಆ ಗಲ್ಲಾಪೆಟ್ಟಿಗೆ ಅಪರಿಚಿತವೇನಲ್ಲ!

ಖಳನನ್ನೇ ಹುಡುಕುವ ನಿರ್ದೇಶಕನ ಕೈಯಲ್ಲಿ ಜಗನ್ ಬರಿಯ ವಂಚಕನಾಗುತ್ತಿದ್ದ. ಶಂಕರ್ ಆ ಪಾತ್ರವನ್ನು ಅಣ್ಣ ಅನಂತನಾಗ್ ಅವರಿಗೆ ವಹಿಸಿದರು. ಆ ಸೌಮ್ಯಮುಖವನ್ನು ಪ್ರೇಕ್ಷಕ ಮೊದಲು ಪ್ರೀತಿಸುತ್ತಾನೆ. ಅನಂತರವೇ ಅಪರಿಗ್ರಹವನ್ನಾಡುವ ಬಾಯಿಗೂ ನಾಣ್ಯವೆಣಿಸುವ ಕೈಗೂ ಇರುವ ಅಂತರ ಅವನನ್ನು ಚುಚ್ಚುತ್ತದೆ. ಕಾದಂಬರಿಯಲ್ಲಿ ಮಗ ಮಾಲಿ ಅಮೆರಿಕಕ್ಕೆ ಹೊರಡಲು ತಂದೆಗೆ ತಿಳಿಸದೆ ಎತ್ತಿಕೊಳ್ಳುವುದು ಆ ಬಚ್ಚಿಟ್ಟ ಹಣವನ್ನೇ. ಲೆಕ್ಕದಲ್ಲೇ ಇಲ್ಲದ ಹಣ ಕಳುವಾಯಿತೆಂದು ತಂದೆ ಯಾರಲ್ಲಿ ದೂರಬೇಕು?