ಕೇಳಿಸಿದ್ದು ಸರಿ, ಅರ್ಥ ಆಗಿದ್ದು?

"ಮನೇಲಿ ಬೋರ್‌ವೆಲ್ ಮೋಟರ್ ಬಗ್ಗೆ ಮಾತಾಡಿದ್ರೆ ಸಾಕು, ಫೋನಲ್ಲಿ ಮೋಟರ್ ಜಾಹೀರಾತು ಬರ್ತದೆ ಕಣಣ್ಣ." ಸಾಫ್ಟ್‌ವೇರ್‌ನವನು ಅಂತ ಗೊತ್ತಾದ ಕೂಡಲೇ ನೆಲಮಂಗಲದಲ್ಲಿ ಜನ ನನ್ನ ಹತ್ರ ಹೇಳೋ ಮಾತಿದು. ಕದ್ದು ಕೇಳಬೇಕಾಗೇ ಇಲ್ಲ, ನೀವು ಹುಡುಕಿದ್ದು, ಓಡಾಡಿದ್ದೇ ಸಾಕು ಅಂದ್ರೆ ನಂಬಲ್ಲ.

ಈ ಭಯದ ಬಗ್ಗೆ ನನಗೆ ಇಷ್ಟವಾದ ಸಿನಿಮಾ ಫ್ರಾನ್ಸಿಸ್ ಫೋರ್ಡ್ ಕೊಪ್ಪೊಲಾ 1974ರಲ್ಲಿ ಮಾಡಿದ 'ದ ಕಾನ್ವರ್ಸೇಶನ್'. ಹ್ಯಾರಿ ಕಾಲ್ (ಜೀನ್ ಹ್ಯಾಕ್‌ಮನ್) ದುಡ್ಡಿಗೆ ಬೇರೆಯವರ ಮಾತು ಕದ್ದು ಟೇಪ್ ಮಾಡಿಕೊಡೋನು. ಸ್ಯಾನ್ ಫ್ರಾನ್ಸಿಸ್ಕೋದ ಗಿಜಿಗುಡುವ ಚೌಕದಲ್ಲಿ ಅಡ್ಡಾಡುವ ಜೋಡಿಯೊಂದರ ಮಾತನ್ನ ಗದ್ದಲದೊಳಗಿಂದ ಹೆಕ್ಕಿ ತೆಗೀತಾನೆ. ಯಾಕೆ ಅಂತ ಕೇಳಲ್ಲ. (ನಮ್ಮಲ್ಲೂ ಅಷ್ಟೇ: ಟಿಕೆಟ್ ಬಂತು, ಮುಗಿಸು.) ಕೊನೆಗೆ ತನ್ನ ಮನೇಲೇ ಮೈಕ್ ಇದೆ ಅಂತ ಗೋಡೆ, ನೆಲ ಎಲ್ಲ ಕಿತ್ತು ಹಾಕ್ತಾನೆ. ಸಿಗಲ್ಲ.

ಎಲ್ಲರೂ ಹೊಗಳೋದು ಆ ದೃಶ್ಯವನ್ನ. ನನ್ನ ಮಟ್ಟಿಗೆ ಚಿತ್ರದ ಜೀವ ಇರೋದು ಟೇಪಿನ ಒಂದು ವಾಕ್ಯದಲ್ಲಿ. ಪದಗಳೆಲ್ಲ ಸ್ಪಷ್ಟ. ಆದ್ರೆ ಒತ್ತು ಯಾವ ಪದದ ಮೇಲೆ ಬಿದ್ದಿದೆ ಅನ್ನೋದನ್ನ ಹ್ಯಾರಿ ತಪ್ಪಾಗಿ ಕೇಳಿಸ್ಕೊಂಡಿರ್ತಾನೆ. ಸಾಯ್ತಾರೆ ಅಂದುಕೊಂಡವರೇ ಕೊಲ್ಲೋರು.

ಫೋನ್ ಕದ್ದಾಲಿಕೆ ಆರೋಪದಿಂದ ರಾಮಕೃಷ್ಣ ಹೆಗಡೆ 1988ರಲ್ಲಿ ಮುಖ್ಯಮಂತ್ರಿ ಕುರ್ಚಿ ಬಿಟ್ಟಾಗಿನಿಂದ ನಾವು ಕೇಳ್ತಿರೋದು 'ಯಾರು ಕೇಳಿಸ್ಕೊಂಡ್ರು?' ಅಂತ ಮಾತ್ರ. ಹೊಲದ ಕೆಲಸದಲ್ಲಿ ಬೆರಳಿನ ಗೆರೆ ಸವೆದ ಅಜ್ಜಿ ನ್ಯಾಯಬೆಲೆ ಅಂಗಡೀಲಿ ಹೆಬ್ಬೆಟ್ಟು ಒತ್ತಿದ್ರೆ ಯಂತ್ರ ಒಪ್ಪಲ್ಲ. ನೋಡಿಯೂ ಇವಳು ಅವಳಲ್ಲ ಅಂತದೆ.

ಆಧಾರ್ ಪ್ರಶ್ನಿಸಿ 2012ರಲ್ಲಿ ಸುಪ್ರೀಂ ಕೋರ್ಟಿಗೆ ಹೋದವರು ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿ. ಆಗ ಅವರಿಗೆ 86 ವರ್ಷ. ಆ ಪ್ರಕರಣದಲ್ಲೇ 2017ರಲ್ಲಿ 9 ನ್ಯಾಯಮೂರ್ತಿಗಳ ಪೀಠ ಖಾಸಗಿತನ ಮೂಲಭೂತ ಹಕ್ಕು ಅಂತು. ದೊಡ್ಡ ತೀರ್ಪು, ಸಂದೇಹ ಇಲ್ಲ. ಅಜ್ಜಿಗೆ ಅದರ ಜೊತೆ ಇನ್ನೊಂದು ಬೇಕು: 'ನಾನೇ ಕಣಪ್ಪ' ಅಂದ್ರೆ ನಂಬಿ ಅಕ್ಕಿ ಅಳೆಯೋ ಒಬ್ಬ ಮನುಷ್ಯ.

ಸಿನಿಮಾದ ಮೇಲೆ ನನಗಿರೋ ತಕರಾರೂ ಇಲ್ಲೇ. ಕಿತ್ತುಹೋದ ನೆಲದ ಮಧ್ಯೆ ಹ್ಯಾರಿ ಸ್ಯಾಕ್ಸೊಫೋನ್ ಊದ್ತಾ ಕೂರ್ತಾನೆ, ನಾವು ಅವನಿಗಾಗಿ ಮರುಗ್ತೀವಿ. ಅವನು ತಪ್ಪು ಜನರಿಗಾಗಿ ಹೆದರುತ್ತಿದ್ದಾಗ ಕೊಲೆಯಾದವನಿಗೆ ಸಿಗೋದು ಒಂದೆರಡು ಮಿಂಚುನೋಟ, ಅಷ್ಟೆ.