ಸೋಲುವ ತಂಡದಲ್ಲಿ ಕ್ಯಾಲ್ವಿನ್ ಜಾನ್ಸನ್

ಅಮೆರಿಕನ್ ಫುಟ್‌ಬಾಲ್‌ನಲ್ಲಿ ವೈಡ್ ರಿಸೀವರ್‌ನಷ್ಟು ಪರಾಧೀನ ಆಟಗಾರ ಇನ್ನೊಬ್ಬನಿಲ್ಲ. ಮೈದಾನದ ಅಂಚಿನಿಂದ ಓಟ ಕಿತ್ತು, ಕಾವಲಿಗಿರುವ ಕಾರ್ನರ್‌ಬ್ಯಾಕ್‌ನನ್ನು ಹಿಂದಿಕ್ಕಿ, ಹೇಳಿದ ಜಾಗಕ್ಕೆ ಹೇಳಿದ ಕ್ಷಣದಲ್ಲಿ ತಲುಪುವುದಷ್ಟೇ ಅವನ ಕೈಯಲ್ಲಿರುವುದು. ಚೆಂಡು ಅಲ್ಲಿಗೆ ಬರಬೇಕೆಂದರೆ ಕ್ವಾರ್ಟರ್‌ಬ್ಯಾಕ್ ಅವನನ್ನು ನೋಡಬೇಕು, ಎಸೆತ ನೆಟ್ಟಗಿರಬೇಕು, ಅದಕ್ಕೂ ಮೊದಲು ಕ್ವಾರ್ಟರ್‌ಬ್ಯಾಕ್‌ಗೆ ನಿಂತು ಎಸೆಯುವಷ್ಟು ಹೊತ್ತನ್ನು ಮುಂದಿನ ಸಾಲಿನವರು ಗಳಿಸಿಕೊಡಬೇಕು. ಹಾಗಿದ್ದೂ ವೃತ್ತಿ ಮುಗಿದ ಮೇಲೆ ನಾವು ರಿಸೀವರ್‌ನನ್ನು ತೂಗುವುದು ಎಷ್ಟು ಕ್ಯಾಚ್, ಎಷ್ಟು ಗಜ, ಎಷ್ಟು ಟಚ್‌ಡೌನ್ ಎಂಬ ಲೆಕ್ಕದಲ್ಲೇ. ಡೆಟ್ರಾಯಿಟ್ ಲಯನ್ಸ್ ತಂಡಕ್ಕೆ 2007ರಿಂದ 2015ರವರೆಗೆ ಆಡಿದ ಕ್ಯಾಲ್ವಿನ್ ಜಾನ್ಸನ್ ವಿಷಯದಲ್ಲಿ ಈ ಲೆಕ್ಕ ಎರಡು ರೀತಿಯಲ್ಲಿ ತಪ್ಪುತ್ತದೆ. ಅವರ ಒಟ್ಟು ಸಾಧನೆಯನ್ನು ಅದು ಕಡಿಮೆ ಮಾಡಿ ತೋರಿಸುತ್ತದೆ. ಅವರ ಅತ್ಯಂತ ಪ್ರಸಿದ್ಧ ದಾಖಲೆಯನ್ನು ಇರುವುದಕ್ಕಿಂತ ದೊಡ್ಡದು ಮಾಡುತ್ತದೆ.

ಒಂಬತ್ತು ಋತುಗಳಲ್ಲಿ 731 ಕ್ಯಾಚ್, 11,619 ಗಜ, 83 ಟಚ್‌ಡೌನ್. ಜೆರ್ರಿ ರೈಸ್ ಅವರ 1,549 ಕ್ಯಾಚ್, 22,895 ಗಜಗಳ ಪಕ್ಕದಲ್ಲಿಟ್ಟರೆ ಇದು ಅರ್ಧದಷ್ಟು ಮಾತ್ರ. ಆದರೆ ರೈಸ್‌ಗೆ ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ಕ್ವಾರ್ಟರ್‌ಬ್ಯಾಕ್‌ಗಳಾಗಿ ಮೊದಲು ಜೋ ಮೊಂಟಾನ, ಆಮೇಲೆ ಸ್ಟೀವ್ ಯಂಗ್ ಸಿಕ್ಕರು. ಜಾನ್ಸನ್‌ಗೆ ಸಿಕ್ಕಿದ್ದು ಏನೆಂದು ತಿಳಿಯಲು 2008ರ ಋತು ಸಾಕು. ಆ ವರ್ಷ ಡೆಟ್ರಾಯಿಟ್ ಆಡಿದ 16 ಪಂದ್ಯಗಳಲ್ಲಿ 16ನ್ನೂ ಸೋತಿತು. ಎನ್‌ಎಫ್‌ಎಲ್‌ನಲ್ಲಿ 16 ಪಂದ್ಯಗಳ ಋತುವನ್ನು ಒಂದೂ ಗೆಲುವಿಲ್ಲದೆ ಮುಗಿಸಿದ ಮೊದಲ ತಂಡ ಅದು. ಕ್ವಾರ್ಟರ್‌ಬ್ಯಾಕ್‌ಗಳು ಒಬ್ಬರಾದ ಮೇಲೊಬ್ಬರು ಬದಲಾದರು. ಅಂಥ ವರ್ಷದಲ್ಲಿ, ತಮ್ಮ ಎರಡನೇ ಋತುವಿನಲ್ಲಿದ್ದ ಜಾನ್ಸನ್ 1,331 ಗಜ ಗಳಿಸಿದರು. ಹಿಡಿದ 12 ಟಚ್‌ಡೌನ್‌ಗಳು ಇಡೀ ಲೀಗ್‌ನಲ್ಲಿ ಆ ವರ್ಷದ ಅತ್ಯಧಿಕ ಸಂಖ್ಯೆಗೆ ಸಮ. ಗೆಲ್ಲುವ ಆಸೆಯೇ ಕಮರಿಹೋದ ಡಿಸೆಂಬರ್‌ನಲ್ಲೂ ಅವರ ಓಟದಲ್ಲಿ ಸಡಿಲಿಕೆ ಕಾಣಲಿಲ್ಲ. ನನ್ನ ಮಟ್ಟಿಗೆ ಅವರ ದೊಡ್ಡತನದ ಮೊದಲ ಪುರಾವೆ ಇದು.

ಆರು ಅಡಿ ಐದು ಇಂಚು ಎತ್ತರ, ನೂರು ಕಿಲೋ ಮೀರಿದ ತೂಕ. ಆ ಮೈಯನ್ನು ಹೊತ್ತು 40 ಗಜ ಓಡಲು ತೆಗೆದುಕೊಂಡದ್ದು 4.35 ಸೆಕೆಂಡ್. ಸಹ ಆಟಗಾರ ರಾಯ್ ವಿಲಿಯಮ್ಸ್ 'ಟ್ರಾನ್ಸ್‌ಫಾರ್ಮರ್ಸ್' ಕತೆಯ ಯಂತ್ರಮಾನವನ ಹೆಸರನ್ನು ತಂದು 'ಮೆಗಾಟ್ರಾನ್' ಎಂದು ಕರೆದರು. ಆ ಹೆಸರು ಅವರಿಗೆ ಕೀರ್ತಿಯನ್ನು ತಂದುಕೊಟ್ಟರೂ ಅವರ ಕಲೆಗೆ ನ್ಯಾಯ ಮಾಡಲಿಲ್ಲ ಎಂದೇ ನನ್ನ ಅನಿಸಿಕೆ. ಎತ್ತರವೂ ವೇಗವೂ ಇದ್ದ ಹುಡುಗರು ಪ್ರತಿ ವರ್ಷ ಲೀಗ್‌ಗೆ ಬರುತ್ತಾರೆ, ಹೋಗುತ್ತಾರೆ. ಜಾನ್ಸನ್ ಆಟದಲ್ಲಿ ನೋಡಬೇಕಾದದ್ದು ಜಿಗಿತದ ಹೊತ್ತು. ಚೆಂಡು ಇನ್ನೂ ಇಳಿಯುತ್ತಿರುವಾಗ ಕಾವಲಿಗಿದ್ದವರು ಅವಸರದಲ್ಲಿ ನೆಗೆದು ಕೆಳಗೆ ಬರತೊಡಗಿರುತ್ತಾರೆ. ಇವರು ಒಂದು ಗಳಿಗೆ ತಡೆದು, ಅವರೆಲ್ಲರ ಕೈ ಎಟುಕದ ಎತ್ತರದಲ್ಲಿ, ತೋಳು ಪೂರ್ತಿ ಚಾಚಿ, ಬೆರಳ ತುದಿಗಳಲ್ಲೇ ಚೆಂಡನ್ನು ಸೆಳೆದುಕೊಳ್ಳುತ್ತಾರೆ. 2011ರ ಅಕ್ಟೋಬರ್‌ನಲ್ಲಿ ಡಲ್ಲಾಸ್ ವಿರುದ್ಧ ಮೂವರು ಸುತ್ತುವರಿದಿದ್ದಾಗ ಹಿಡಿದ ಟಚ್‌ಡೌನ್ ಹೀಗೇ ಬಂತು. 27–3ರಿಂದ ಹಿಂದಿದ್ದ ಡೆಟ್ರಾಯಿಟ್ ಆ ಪಂದ್ಯವನ್ನು 34–30ರಿಂದ ಗೆದ್ದಿತು. ಎದುರಾಳಿ ಒಬ್ಬನಿಗಾಗಿ ಮೂವರನ್ನು ಖರ್ಚು ಮಾಡಿದಾಗ ಮೈದಾನದ ಉಳಿದ ಭಾಗ ಬರಿದಾಗುತ್ತದೆ. ಅಲ್ಲಿ ಇನ್ನೊಬ್ಬ ಆಟಗಾರ ಹಿಡಿಯುವ ಸುಲಭದ ಚೆಂಡಿನಲ್ಲೂ ಜಾನ್ಸನ್ ಪಾಲಿದೆ. ಅದನ್ನು ಬರೆದಿಡುವ ಕಾಲಂ ಮಾತ್ರ ಯಾವ ಸ್ಕೋರ್‌ಪಟ್ಟಿಯಲ್ಲೂ ಇಲ್ಲ.

ಈಗ 2012ರ ದಾಖಲೆಗೆ ಬರೋಣ. 122 ಕ್ಯಾಚ್, 1,964 ಗಜ. 1995ರಲ್ಲಿ ರೈಸ್ ಬರೆದಿದ್ದ 1,848 ಗಜಗಳ ದಾಖಲೆ ಅಟ್ಲಾಂಟಾ ವಿರುದ್ಧದ ಪಂದ್ಯದಲ್ಲಿ ಮುರಿಯಿತು. ಜಾನ್ಸನ್ ಆ ಚೆಂಡನ್ನು ಮೈದಾನದ ಅಂಚಿನಲ್ಲಿದ್ದ ತಂದೆಯ ಕೈಗಿತ್ತರು. 2021ರಲ್ಲಿ ಕೂಪರ್ ಕಪ್ 17 ಪಂದ್ಯ ಆಡಿಯೂ 1,947ಕ್ಕೆ ನಿಂತರು ಎಂದರೆ 16 ಪಂದ್ಯಗಳಲ್ಲಿ ಬಂದ ಆ ಮೊತ್ತದ ಎತ್ತರ ತಿಳಿಯುತ್ತದೆ. ಆದರೂ ಅದು ಜಾನ್ಸನ್ ಅವರ ಶ್ರೇಷ್ಠ ಋತು ಎಂಬ ಮಾತನ್ನು ನಾನು ಒಪ್ಪಲಾರೆ. ಆ ವರ್ಷ ಕ್ವಾರ್ಟರ್‌ಬ್ಯಾಕ್ ಮ್ಯಾಥ್ಯೂ ಸ್ಟಾಫರ್ಡ್ 727 ಬಾರಿ ಚೆಂಡೆಸೆದರು, ಅಂದಿಗೆ ಅದೇ ಒಂದು ದಾಖಲೆ. ಪಂದ್ಯದ ಮೇಲೆ ಪಂದ್ಯದಲ್ಲಿ ಹಿಂದೆ ಬಿದ್ದ ತಂಡಕ್ಕೆ ಎಸೆಯದೆ ಬೇರೆ ದಾರಿಯಿರಲಿಲ್ಲ, ಎಸೆಯಲು ಜಾನ್ಸನ್ ಬಿಟ್ಟರೆ ನಂಬಿಕಸ್ಥರಿರಲಿಲ್ಲ. ಗಜಗಳು ರಾಶಿ ಬಿದ್ದವು, ಟಚ್‌ಡೌನ್ ಆದದ್ದು ಐದೇ. ಗೋಲ್ ಗೆರೆಯ ಹತ್ತಿರ ಜಾಗ ಕಿರಿದಾದಾಗ ಎದುರಾಳಿಗಳು ಅವರೊಬ್ಬರ ಸುತ್ತಲೇ ಬೇಲಿ ಕಟ್ಟಿದರು, ಆ ಬೇಲಿಯನ್ನು ಬೇರೆ ಕಡೆಯಿಂದ ಮುರಿಯುವ ಉಪಾಯ ಡೆಟ್ರಾಯಿಟ್ ಬಳಿ ಇರಲಿಲ್ಲ. ತಂಡ 4 ಗೆದ್ದು 12 ಸೋತಿತು. ರೈಸ್ ತಮ್ಮ 1,848 ಗಜಗಳ ಜೊತೆ 15 ಟಚ್‌ಡೌನ್ ಹಿಡಿದಿದ್ದರು ಎಂಬುದನ್ನು ಮರೆಯಬಾರದು.

ಅವರ ಶ್ರೇಷ್ಠ ವರ್ಷ ಅದರ ಹಿಂದಿನದು. 2011ರಲ್ಲಿ 96 ಕ್ಯಾಚ್, 1,681 ಗಜ, 16 ಟಚ್‌ಡೌನ್. ತಂಡಕ್ಕೆ ಹತ್ತು ಗೆಲುವು, 1999ರ ನಂತರದ ಮೊದಲ ಪ್ಲೇಆಫ್. ನ್ಯೂ ಆರ್ಲಿಯನ್ಸ್‌ನಲ್ಲಿ ನಡೆದ ಆ ಪ್ಲೇಆಫ್ ಪಂದ್ಯದಲ್ಲಿ ಜಾನ್ಸನ್ 12 ಕ್ಯಾಚ್ ಹಿಡಿದು 211 ಗಜ, ಎರಡು ಟಚ್‌ಡೌನ್ ಗಳಿಸಿದರು. ಡೆಟ್ರಾಯಿಟ್ 45–28ರಿಂದ ಸೋತಿತು. ದೊಡ್ಡ ಪಂದ್ಯ ಗೆಲ್ಲದವನು ದೊಡ್ಡ ಆಟಗಾರನಲ್ಲ ಎನ್ನುವವರು ಈ ಪಂದ್ಯಕ್ಕೆ ಏನು ಹೇಳುತ್ತಾರೆ? 45 ಅಂಕ ಬಿಟ್ಟುಕೊಡುವ ರಕ್ಷಣಾ ಪಡೆಯಲ್ಲಿ ರಿಸೀವರ್ ನಿಲ್ಲುವುದೇ ಇಲ್ಲ.

ನಿಯಮಪುಸ್ತಕವೂ ಅವರ ಪಾಲಿಗೆ ಕಠಿಣವಾಗಿತ್ತು. 2010ರ ಮೊದಲ ಪಂದ್ಯದಲ್ಲಿ, ಶಿಕಾಗೋದಲ್ಲಿ, ಕೊನೆಯ ಅರ್ಧ ನಿಮಿಷದೊಳಗೆ ಅವರು ಎಂಡ್ ಝೋನ್‌ನಲ್ಲಿ ಚೆಂಡು ಹಿಡಿದು, ಎರಡೂ ಕಾಲೂರಿ, ಬಿದ್ದು ಏಳುವಾಗ ಒಂದೇ ಕೈಯಲ್ಲಿದ್ದ ಚೆಂಡು ನೆಲಕ್ಕೆ ತಾಗಿ ಜಾರಿತು. ಕ್ಯಾಚ್ ಪ್ರಕ್ರಿಯೆ ಮುಗಿದಿಲ್ಲವೆಂದು ಅಂಪೈರ್‌ಗಳು ಟಚ್‌ಡೌನ್ ನಿರಾಕರಿಸಿದರು, ಪಂದ್ಯ ಕೈತಪ್ಪಿತು. 1999ರ ವಿಶ್ವಕಪ್‌ನಲ್ಲಿ ಸ್ಟೀವ್ ವಾ ಕ್ಯಾಚನ್ನು ಹಿಡಿದು, ಮೇಲಕ್ಕೆಸೆಯುವ ಆತುರದಲ್ಲಿ ಕೈಚೆಲ್ಲಿದ ಹರ್ಷೆಲ್ ಗಿಬ್ಸ್ ನಮ್ಮ ಓದುಗರಿಗೆ ನೆನಪಾಗಬಹುದು. ಆದರೆ ಗಿಬ್ಸ್ ಕೈಯಲ್ಲಿ ಚೆಂಡು ನೆಲೆಸಿರಲೇ ಇಲ್ಲ. ಜಾನ್ಸನ್ ಹಿಡಿದಾಗಿತ್ತು. ಅವರ ಹೆಸರಿನಿಂದಲೇ ಕರೆಸಿಕೊಂಡ ಆ ನಿಯಮ ಇನ್ನೂ ಹಲವರ ಕ್ಯಾಚ್‌ಗಳನ್ನು ನುಂಗಿ, 2018ರಲ್ಲಿ ಬದಲಾಯಿತು.

2016ರ ಮಾರ್ಚ್‌ನಲ್ಲಿ, ಮೂವತ್ತನೇ ವಯಸ್ಸಿಗೆ, ಹಿಂದಿನ ಋತುವಿನಲ್ಲಷ್ಟೇ 1,214 ಗಜ ಗಳಿಸಿದ್ದ ಜಾನ್ಸನ್ ಆಟ ಬಿಟ್ಟರು. ಇದನ್ನು ಪಲಾಯನ ಎಂದವರಿದ್ದಾರೆ. ಕಾಲಿನ ಗಂಟು ಸವೆದಿತ್ತು, ಬೆರಳುಗಳು ಸೊಟ್ಟಗಾಗಿದ್ದವು. ತಲೆಗೆ ಬಿದ್ದ ಪೆಟ್ಟುಗಳ ಬಗ್ಗೆ, ನೋವಿನ ಮಾತ್ರೆಗಳ ಬಗ್ಗೆ ಅವರು ಆಮೇಲೆ ಮುಚ್ಚುಮರೆಯಿಲ್ಲದೆ ಮಾತಾಡಿದರು. ಇನ್ನೂ ಮೂರು ವರ್ಷ ಕುಂಟುತ್ತ ಆಡಿದ್ದರೆ ಒಟ್ಟು ಮೊತ್ತಕ್ಕೆ ಎರಡು ಸಾವಿರ ಗಜ ಸೇರುತ್ತಿತ್ತೇನೋ, ಆಟದ ಗುಣಕ್ಕೆ ಏನೂ ಸೇರುತ್ತಿರಲಿಲ್ಲ. 1999ರಲ್ಲಿ ಬ್ಯಾರಿ ಸ್ಯಾಂಡರ್ಸ್ ಇದೇ ತಂಡವನ್ನು ಹೀಗೆಯೇ ಥಟ್ಟನೆ ತೊರೆದಿದ್ದರು. ಇಬ್ಬರಿಂದಲೂ ತಂಡ ಬೋನಸ್ ಹಣದ ಪಾಲನ್ನು ವಾಪಸ್ ಪಡೆಯಿತು. ತನ್ನ ಅತ್ಯುತ್ತಮರಿಬ್ಬರು ಆಡುವ ಕಸುವಿದ್ದಾಗಲೇ ಏಕೆ ಹೊರಟರು ಎಂದು ಕೇಳಿಕೊಳ್ಳಬೇಕಿದ್ದ ಸಂಸ್ಥೆ ಹಣದ ಲೆಕ್ಕ ಹಿಡಿದು ಕುಳಿತದ್ದು ಸಣ್ಣತನ. ಜಾನ್ಸನ್ ಮತ್ತು ತಂಡದ ನಡುವಿನ ಮುನಿಸು ವರ್ಷಗಟ್ಟಲೆ ಉಳಿಯಿತು. 2021ರಲ್ಲಿ, ಅರ್ಹತೆ ಪಡೆದ ಮೊದಲ ವರ್ಷವೇ, ಹಾಲ್ ಆಫ್ ಫೇಮ್ ಅವರನ್ನು ಬರಮಾಡಿಕೊಂಡಿತು. ಡೆಟ್ರಾಯಿಟ್ ತನ್ನ ಕ್ರೀಡಾಂಗಣದಲ್ಲಿ ಗೌರವಿಸಿದ್ದು 2024ರ ಸೆಪ್ಟೆಂಬರ್‌ನಲ್ಲಿ.

ಅವರನ್ನು ಒಂದೇ ಪಂದ್ಯದಲ್ಲಿ ನೋಡಬೇಕೆನ್ನುವವರು 2013ರ ಅಕ್ಟೋಬರ್ 27ರ ಡಲ್ಲಾಸ್ ಪಂದ್ಯವನ್ನು ಹುಡುಕಿ ನೋಡಿ. 14 ಕ್ಯಾಚ್, 329 ಗಜ. ಹೆಚ್ಚುವರಿ ಅವಧಿಗೆ ಹೋಗದ ಪಂದ್ಯದಲ್ಲಿ ಅಲ್ಲಿಯವರೆಗೆ ಯಾರೂ ಅಷ್ಟು ಗಳಿಸಿರಲಿಲ್ಲ. ಕೊನೆಯ ನಿಮಿಷದಲ್ಲಿ 80 ಗಜ ದೂರ, ಟೈಮ್‌ಔಟ್ ಒಂದೂ ಇಲ್ಲ, ಚೆಂಡು ಯಾರ ಕಡೆಗೆ ಹೋಗುತ್ತದೆಂದು ಎಲ್ಲರಿಗೂ ಗೊತ್ತು. ಆ ಕೊನೆಯ ದಾಳಿಯಲ್ಲಿ ಜಾನ್ಸನ್ ಎರಡು ಬಾರಿ ಚೆಂಡು ಹಿಡಿದರು. ಎರಡನೆಯದು ತಂಡವನ್ನು ಗೋಲ್ ಗೆರೆಗೆ ಒಂದು ಗಜ ದೂರಕ್ಕೆ ತಂದು ನಿಲ್ಲಿಸಿತು. ಡೆಟ್ರಾಯಿಟ್ 31–30ರಿಂದ ಗೆದ್ದಿತು.