ಚಿರಂಜೀವಿಯ ಸಾವು

ಅಶ್ವತ್ಥಾಮನು ಚಿರಂಜೀವಿ. ಬೆಳಗ್ಗೆ ಎದ್ದು ಸ್ಮರಿಸುವ ಏಳು ಮಂದಿ ಚಿರಂಜೀವಿಗಳಲ್ಲಿ ಅವನ ಹೆಸರೇ ಮೊದಲನೆಯದು. ಅಂಥವನು ಬಿ. ಎಂ. ಶ್ರೀಕಂಠಯ್ಯನವರ ‘ಅಶ್ವತ್ಥಾಮನ್’ (1929) ನಾಟಕದಲ್ಲಿ ತನ್ನ ಕೈಯಾರೆ ಸಾಯುತ್ತಾನೆ. ಪುರಾಣವನ್ನು ಹೀಗೆ ತಿದ್ದಬಹುದೆ ಎಂಬ ಆಕ್ಷೇಪಣೆ ಎದ್ದದ್ದು ಸಹಜ. ಅದನ್ನು ಮಡಿವಂತಿಕೆಯೆಂದು ತಳ್ಳಿಹಾಕುವುದು ಸುಲಭ. ಆದರೆ ಅದರೊಳಗೆ ವಿಮರ್ಶೆ ಉತ್ತರಿಸಬೇಕಾದ ಪ್ರಶ್ನೆಯೊಂದಿದೆ.

‘ಶ್ರೀ’ಯವರಿಗೆ ಮಾದರಿಯಾದದ್ದು ಗ್ರೀಕ್ ಕವಿ ಸಾಫೊಕ್ಲಿಸನ ‘ಏಜಾಕ್ಸ್’. ಕ್ರಿ. ಪೂ. 5ನೆಯ ಶತಮಾನದ ಈ ಕವಿ ನೂರಕ್ಕೂ ಮಿಕ್ಕಿ ನಾಟಕಗಳನ್ನು ಬರೆದನೆನ್ನುತ್ತಾರೆ. ಪೂರ್ಣವಾಗಿ ಉಳಿದಿರುವುವು 7. ಟ್ರಾಯ್ ಯುದ್ಧದಲ್ಲಿ ಮಡಿದ ಅಕಿಲೀಸನ ಆಯುಧಗಳು ತನಗೆ ಸಲ್ಲಬೇಕೆಂದು ಏಜಾಕ್ಸ್ ನಂಬಿದ್ದ. ಅವು ಒಡಿಸ್ಯೂಸನ ಪಾಲಾದುವು. ಅವಮಾನದಿಂದ ಕುದಿದು, ಇರುಳಿನಲ್ಲಿ ಸೇನಾನಾಯಕರನ್ನು ಕೊಲ್ಲಹೊರಟವನಿಗೆ ಅಥೀನಾ ದೇವಿ ಬುದ್ಧಿಭ್ರಮೆ ಕವಿಸಿದಳು. ಅವನು ಕಡಿದದ್ದು ದನಕುರಿಗಳನ್ನು. ಭ್ರಮೆ ಇಳಿದ ಮೇಲೆ, ಆ ನಗೆಪಾಟಲನ್ನು ಹೊತ್ತು ಬದುಕಲಾರದೆ ಕತ್ತಿಯ ಮೇಲೆ ಬಿದ್ದ.

ನಮ್ಮ ಸೌಪ್ತಿಕ ಪರ್ವದಲ್ಲಿಯೂ ಇರುಳು, ರೋಷ, ಆವೇಶ, ಸಂಹಾರ ಎಲ್ಲ ಉಂಟು. ಈ ಹೋಲಿಕೆಯನ್ನು ಕಂಡದ್ದೇ ‘ಶ್ರೀ’ಯವರ ಪ್ರತಿಭೆ. ಆದರೆ ಏಜಾಕ್ಸನಿಗೆ ಅವನ ಹಗೆಗಳು ದಕ್ಕಲಿಲ್ಲ. ವ್ಯಾಸರ ಅಶ್ವತ್ಥಾಮನಾದರೋ ಮಲಗಿದ್ದ ದ್ರೌಪದಿಯ ಐವರು ಮಕ್ಕಳನ್ನು ನಿಜವಾಗಿಯೇ ಕೊಂದ. ಒಬ್ಬನದು ಮಾನಭಂಗ, ಇನ್ನೊಬ್ಬನದು ಪಾಪ. ಮಾನಭಂಗಕ್ಕೆ ಸಾವು ಮದ್ದಾದೀತು. ಪಾಪಿಗೆ ವ್ಯಾಸರು ಆ ಮದ್ದನ್ನು ಕೊಡಲಿಲ್ಲ. ತಲೆಯ ಮಣಿಯನ್ನು ಕಳೆದುಕೊಂಡು, ಕೀವುರಕ್ತದ ನಾತ ಹೊತ್ತು, 3,000 ವರ್ಷ ಒಂಟಿಯಾಗಿ ಅಲೆಯೆಂದು ಕೃಷ್ಣನ ಶಾಪ. ಸಾಯಲಾರದ ಈ ಬಾಳಿನ ಮುಂದೆ ಕತ್ತಿಯ ಸಾವು ಹಗುರವಾಗಿಯೇ ತೋರುತ್ತದೆ. ಭೀಕರತೆಯಲ್ಲಿ ನಾಟಕವು ಮೂಲಕ್ಕಿಂತ ಕೆಳಗಿಳಿಯಿತೆಂದು ಒಪ್ಪಲೇಬೇಕು.

ಹಾಗಾದರೆ ಗಳಿಸಿದ್ದೇನು? ಸಾಫೊಕ್ಲಿಸನಲ್ಲಿ ನಾಯಕನ ಸಾವಿನೊಡನೆ ನಾಟಕ ಮುಗಿಯುವುದಿಲ್ಲ. ಹೆಣಕ್ಕೆ ಸಂಸ್ಕಾರ ಕೂಡದೆಂದು ಅರಸರು ಹಟ ಹಿಡಿಯುತ್ತಾರೆ. ಸಲ್ಲಲೇಬೇಕೆಂದು ವಾದಿಸಿ ಗೆಲ್ಲುವವನು ಹಗೆಯಾದ ಒಡಿಸ್ಯೂಸನೇ. ಸತ್ತವನ ಹಿರಿಮೆಯನ್ನು ಹಗೆಯೂ ಒಪ್ಪುವ ಆ ಗಳಿಗೆಯೇ ಈ ರುದ್ರನಾಟಕದ ಜೀವಾಳ. ಶಾಪ ಹೊತ್ತು ಅಲೆಯುವವನಿಗೆ ಅಂಥ ಗಳಿಗೆ ಬರುವಂತಿಲ್ಲ. ಅವನ ಲೆಕ್ಕ ಎಂದೂ ಮುಗಿಯದು. ಅಶ್ವತ್ಥಾಮನಿಗೆ ಸಾವನ್ನು ಕೊಟ್ಟದ್ದರಿಂದಲೇ, ಅವನ ಪಾಪವನ್ನೂ ಪರಾಕ್ರಮವನ್ನೂ ಒಂದೇ ತಕ್ಕಡಿಯಲ್ಲಿಟ್ಟು ತೂಗುವ ಅವಕಾಶ ಕನ್ನಡ ಓದುಗನಿಗೆ ಒದಗಿತು.

‘ಶ್ರೀ’ಯವರ ಉಳಿದೆರಡು ರುದ್ರನಾಟಕಗಳನ್ನು ಪಕ್ಕದಲ್ಲಿಟ್ಟು ನೋಡಿದರೆ ಈ ಮಾತು ಸ್ಪಷ್ಟವಾಗುತ್ತದೆ. ರನ್ನನ ಕಾವ್ಯದಿಂದ ರೂಪಿಸಿದ ‘ಗದಾಯುದ್ಧ ನಾಟಕಂ’ (1926) ತೊಡೆ ಮುರಿದು ಬಿದ್ದ ದುರ್ಯೋಧನನದು. ಈಸ್ಕಿಲಸನಿಂದ ಕನ್ನಡಿಸಿದ ‘ಪಾರಸಿಕರು’ (1935) ಸೋತ ಪರ್ಷಿಯನ್ನರ ಗೋಳು. ಅದನ್ನು ಬರೆದವನು ಗೆದ್ದ ಅಥೆನ್ಸಿನವನು. ಮೂರರಲ್ಲಿಯೂ ನಡುವೆ ನಿಂತವನು ಸೋತವನೇ. ಗ್ರೀಕರಿಂದ ‘ಶ್ರೀ’ಯವರು ತಂದದ್ದು ನಾಟಕದ ಕಟ್ಟನ್ನು ಮಾತ್ರವಲ್ಲ, ಸೋತವನನ್ನು ಕಾಣುವ ಈ ಕಣ್ಣನ್ನು.

ಹೆಸರಿನ ಕೊನೆಯ ‘ನ್’ಕಾರದಿಂದಲೇ ಮೊದಲಾಗುವ ಹಳಗನ್ನಡದ ಬಿಗಿ ಇಂದಿನ ಓದುಗನನ್ನು ಸ್ವಲ್ಪ ಹೆದರಿಸಬಹುದು. ಗಟ್ಟಿಯಾಗಿ ಓದಿಕೊಂಡರೆ ಅದು ಸಡಿಲುತ್ತದೆ. ಚಿರಂಜೀವಿಯನ್ನು ಕೊಂದದ್ದು ಅಪಚಾರವೆನ್ನುವವರು ಕಡೆಯ ಪುಟದವರೆಗೆ ಹಾಗೆ ಓದಿ ನೋಡಲಿ: ಶಾಪದಲ್ಲಿ ಉಳಿದ ಅಶ್ವತ್ಥಾಮನಿಗೆ ನಾವು ಹೆದರುತ್ತೇವೆ, ಸತ್ತ ಅಶ್ವತ್ಥಾಮನಿಗಾಗಿ ಮರುಗುತ್ತೇವೆ.